ಅಕ್ಕನಿಗೆ ಹನ್ನೊಂದು ಫೈಲುಗಳು

೧
ಎಲ್ಲಿಂದ ಶುರು ಮಾಡಲಿ? ಜಗಳದಿಂದ ಶುರು ಮಾಡಿದರೆ ನೀವು ಪಕ್ಷ ವಹಿಸುತ್ತೀರಿ, ಕಂಪ್ಯೂಟರಿನಿಂದ ಮಾಡಿದರೆ ಪುಟ ತಿರುಗಿಸುತ್ತೀರಿ. ಇರಲಿ, ಮನೆಯಿಂದಲೇ ಆಗಲಿ. ಮೇಲಿನ ಅಂತಸ್ತಿನಲ್ಲಿ ಅಕ್ಕ, ಪುಸ್ತಕಗಳ ಕರಡು ತಿದ್ದುವವಳು. ಕೆಳಗೆ ತಂಗಿ, ಅಂಗಡಿಗಳಿಗೆ ವೆಬ್‌ಸೈಟ್ ಮಾಡಿಕೊಡುವವಳು. ಇಬ್ಬರಿಗೂ ಒಂದೇ ವೈಫೈ. ಮಾತು ಬಿಟ್ಟು ಐದು ತಿಂಗಳು.

೨
(ಕಾರಣ: ನೆಂಟರೆದುರು ಅಕ್ಕ, "ಇವಳದೂ ಒಂದು ಕೆಲಸಾನಾ? ಮನೇಲಿ ಕೂತು ಆಟ ಆಡ್ತಾಳೆ" ಎಂದಿದ್ದಳು. ಇದನ್ನು ಮೂರು ಪುಟ ಬರೆದಿದ್ದೆ. "ನಾನು ಅಷ್ಟು ಜೋರಾಗಿ ಹೇಳಿಲ್ಲ" ಎಂದು ಅಕ್ಕ ತಕರಾರು ತೆಗೆದಳು. ಹರಿದುಹಾಕಿದೆ.)

೩
ಆ ಬೆಳಿಗ್ಗೆ ತಂಗಿ ಒಂದು ಬೇಕರಿಯ ವೆಬ್‌ಸೈಟ್ ಮುಗಿಸಿದ್ದಳು. ಫೋನಿನಲ್ಲಿ ಹೇಗೆ ಕಾಣುತ್ತದೋ ನೋಡಬೇಕಿತ್ತು. ಒಂದೇ ಸಾಲು ಟೈಪ್ ಮಾಡಿದರೆ ಸಾಕು, ಅವಳ ಲ್ಯಾಪ್‌ಟಾಪೇ ಪುಟ್ಟ ಸರ್ವರ್ ಆಗಿಬಿಡುತ್ತದೆ. ವಿಳಾಸ ಗೊತ್ತಿದ್ದರೆ ಅದೇ ವೈಫೈನಲ್ಲಿರುವ ಯಾರಾದರೂ ಆ ಫೋಲ್ಡರಿನಲ್ಲಿರುವುದನ್ನೆಲ್ಲ ತೆರೆದು ನೋಡಬಹುದು. ವಿಳಾಸವನ್ನು ಮೇಲಿದ್ದ ಅಕ್ಕನ ಗಂಡ, ಭಾವನಿಗೆ ಕಳಿಸಿದಳು: "ಭಾವ, ಸ್ವಲ್ಪ ತೆಗೆದು ನೋಡಿ."

ಎಡವಟ್ಟು ಇಷ್ಟೇ. ಸರ್ವರ್ ಶುರುವಾದದ್ದು ಬೇಕರಿಯ ಫೋಲ್ಡರಿನಲ್ಲಲ್ಲ, ಅವಳ ಸ್ವಂತದ್ದರಲ್ಲಿ. ಅಲ್ಲಿ ಬನ್ನೂ ಇರಲಿಲ್ಲ, ಬ್ರೆಡ್ಡೂ ಇರಲಿಲ್ಲ. 'ಅಕ್ಕನಿಗೆ-೧'ರಿಂದ 'ಅಕ್ಕನಿಗೆ-೧೧'ರವರೆಗೆ ಕಳಿಸದ ಪತ್ರಗಳಿದ್ದವು.

("ನನ್ನನ್ನ ಇಷ್ಟು ಪೆದ್ದಿ ಮಾಡ್ಬೇಡಿ" ಎಂದಳು ತಂಗಿ. ಅಮ್ಮಾ ತಾಯಿ, ತಪ್ಪು ಮಾಡಿದ್ದು ನೀನು, ಬರೆದದ್ದಷ್ಟೇ ನಾನು.)

೪
ಮೇಲೆ ಯಾರು ಯಾವ ಫೈಲು ತೆರೆದರೂ ಕೆಳಗೆ ತಂಗಿಯ ಪರದೆಯಲ್ಲಿ ಒಂದು ಸಾಲು ಮೂಡುತ್ತದೆ. ಮೊದಲ ಪತ್ರ ತೆರೆಯಿತು. ಹಿಂದೆಯೇ ಭಾವನ ಮೆಸೇಜು: "ಇದು ನನಗಲ್ಲಮ್ಮ. ಫೋನು ನಿಮ್ಮಕ್ಕನ ಕೈಗೆ ಕೊಟ್ಟೆ."

ಎರಡು. ಮೂರು. ನಾಲ್ಕನೆಯದರಲ್ಲಿ ಬರೀ ಬೈಗುಳ. ಎರಡು ಕೀ ಒತ್ತಿದರೆ ಸರ್ವರ್ ನಿಲ್ಲುತ್ತಿತ್ತು. ಬೆರಳಿಟ್ಟಳು. ಒತ್ತಲಿಲ್ಲ. ನಾಲ್ಕು ತೆರೆದ ಮೇಲೆ ಬಹಳ ಹೊತ್ತು ಪರದೆ ಮಿಸುಕಲಿಲ್ಲ. ಆಮೇಲೆ ಐದು, ಆರು...

ಹನ್ನೊಂದರಲ್ಲಿ ಇದ್ದದ್ದು ಎರಡೇ ಪದ: "ಮೇಲೆ ಬರಲಾ?" ಅದನ್ನು ಅಕ್ಕ ಮೂರು ಸಲ ತೆರೆದಳು.

(೫ನೆಯ ಭಾಗ ಭಾವನದು. "ನನ್ನನ್ನ ಬಿಟ್ಬಿಡಿ ಸ್ವಾಮಿ" ಎಂದರು. ಬಿಟ್ಟಿದ್ದೇನೆ.)

೬
ಮುಕ್ತಾಯ, ಮೊದಲ ಕರಡು: ಅಕ್ಕ ಕಣ್ಣೊರೆಸಿಕೊಂಡು ಓಡಿ ಇಳಿದಳು.
("ಮಂಡಿ ನೋವಿದೆ ನನಗೆ. ಓಡಿದಳಂತೆ!")

ಎರಡನೆಯದು: ತಂಗಿ ಓಡಿ ಹತ್ತಿದಳು.
("ಕರೀದೇ ಹೋಗೋಕೆ ನನಗೇನು ಗ್ರಹಚಾರ?")

ಸರಿ, ನಡೆದದ್ದನ್ನೇ ಹೇಳುತ್ತೇನೆ. ಮೇಲಿನಿಂದ ದನಿ ಬಂತು: "ಏಯ್, ನಾಲ್ಕನೇದ್ರಲ್ಲಿ 'ಸಂಬಂದ' ಅಂತ ಬರ್ದಿದೀಯಲ್ಲೇ! ಮಹಾಪ್ರಾಣ ಎಲ್ಲಿ ಹೋಯ್ತು?"

ಐದು ತಿಂಗಳಲ್ಲಿ ಮೊದಲ ಮಾತು.

"ನೀನೇ ತಿದ್ಕೋ!" ತಂಗಿ ಕೂಗಿದಳು.

"ತಿದ್ದೋದು ಬಿಟ್ಟಿ ಕೆಲಸ ಅಲ್ಲ." ದನಿ ಇಳಿಸಿ ಅಕ್ಕ ಹೇಳಿದಳು, "ನಿಂದೂ ಆಟ ಅಲ್ಲ. ಅವತ್ತು ಹಾಗನ್ನಬಾರದಿತ್ತು ನಾನು."

ಇಲ್ಲಿಗೆ ಚುಕ್ಕಿ ಇಟ್ಟು ಎದ್ದುಬಿಡಬಹುದಿತ್ತು. ಆದರೆ ತಂಗಿ ಮಂಚದ ಕೆಳಗೆ ಬಗ್ಗಿ ಚಪ್ಪಲಿ ಹುಡುಕುತ್ತಿದ್ದಾಳೆ. ಮನೆಯೊಳಗಿನ ಮೆಟ್ಟಿಲು ಹತ್ತಲು ಚಪ್ಪಲಿ ಯಾಕೆಂದು ನನ್ನನ್ನು ಕೇಳಬೇಡಿ. ಒಂದು ಸಿಕ್ಕಿದೆ, ಇನ್ನೊಂದು