ಆವಲಪ್ಪ ಸಾಯಬೇಕಿದ್ದ ಸಿನಿಮಾ

ಹಿಪ್ಪುನೇರಳೆ ತೋಟದಲ್ಲಿ ಕರೆಂಟು ತಂತಿ ತಲೆಗೆ ತಾಗುವಷ್ಟು ಜೋತುಬಿದ್ದಿದೆ ಎಂದು ಆವಲಪ್ಪ ಮೂರು ಅರ್ಜಿ ಕೊಟ್ಟಿದ್ದ. ನಾಲ್ಕನೆಯದಕ್ಕೆ ದಿಬ್ಬೂರಹಳ್ಳಿಗೆ ಕರೆಂಟು ಆಫೀಸಿನ ಜೀಪು ಬಂತು. ಏಣಿ ತಂದಿರಲಿಲ್ಲ, ಕ್ಯಾಮೆರಾ ತಂದಿದ್ದರು.

ಹಳೇ ಕಾಲದ ಥರ ಕಪ್ಪು ಬಿಳುಪಿನ ಜಾಗೃತಿ ಚಿತ್ರವಂತೆ. ರೈತ ತಂತಿ ಮುಟ್ಟಿ ಸಾಯಬೇಕು, ಹೆಂಡತಿ ಅಳಬೇಕು, ಒಂದು ಗಂಭೀರ ದನಿ ಬುದ್ಧಿ ಹೇಳಬೇಕು. ಆ ದನಿಯ ರಮೇಶ್‌ಬಾಬು, ಮುಖ ತೋರಿಸುವುದಿಲ್ಲವೆಂದು ಗೊತ್ತಿದ್ದೂ, ಗೌರಿಬಿದನೂರಿನಿಂದ ಕೋಟು ಹಾಕಿಕೊಂಡು ಬಂದಿದ್ದ.

"ನೀವು ಸತ್ರೆ ತಂತಿ ಮೇಲಕ್ಕೆ ಕಟ್ಟಿಸ್ತೀವಿ," ಎಂದಳು ನಿರ್ದೇಶಕಿ ಶಿರೀಷಾ.

ಆವಲಪ್ಪ ಒಪ್ಪಿದ. ದಿನಾ ಆ ತಂತಿಯ ಕೆಳಗೆ ಬಗ್ಗಿ ಸೊಪ್ಪು ತರುವವಳು ಹೆಂಡತಿ ರಾಮಲಕ್ಷ್ಮಮ್ಮ.

ಅವಳು ಒಪ್ಪಲಿಲ್ಲ. "ರೇಷ್ಮೆ ಹುಳ ಹಣ್ಣಾಗೋ ಟೈಮು. ಸತ್ತೋನು ಹುಳದ ಮನೆಗೆ ಬರಂಗಿಲ್ಲ, ಸೂತಕ."

"ಸುಮ್ನೆ ಸಾಯೋದು ಕಣೇ."

"ಹೂಂ, ಎಲ್ರೂ ಹಂಗೇ ಅಂದ್ಕೊಂಡಿರ್ತಾರೆ."

ಮೂರು ಅರ್ಜಿಗೆ ಆಫ್ ಆಗದ ಲೈನು ಶೂಟಿಂಗಿಗೆ ಆಫ್ ಆಯಿತು. ಆವಲಪ್ಪ ತಂತಿ ಮುಟ್ಟಿದ, ಬಿದ್ದ. ಮೇಲೆ ಬಿಳಿ ಪಂಚೆ ಹೊದಿಸಿದರು. ಒಲ್ಲದ ಮನಸ್ಸಿನಿಂದಲೇ ಬಂದು ಕೂತಿದ್ದ, ಅಳಬೇಕಾದ ರಾಮಲಕ್ಷ್ಮಮ್ಮ ಪಂಚೆಯೊಳಗೆ ಕೈ ಹಾಕಿ ಅವನ ಮೂಗಿನ ಕೆಳಗೆ ಬೆರಳಿಟ್ಟಳು.

"ಕಟ್. ಅಮ್ಮಾ, ಉಸಿರು ನೋಡ್ಬಾರ್ದು. ಸತ್ತೋಗಿದಾರೆ."

"ಎಲ್ಲಿ ಸತ್ತವ್ನಮ್ಮ, ಬೆಚ್ಚಗವ್ನೆ."

ಏಳು ಸಲ ಸತ್ತ. ಏಳು ಸಲವೂ ಬೆರಳು ಬಂತು. ಎಂಟನೆಯದಕ್ಕೆ ಆವಲಪ್ಪ ಪಂಚೆಯೊಳಗಿಂದಲೇ ಪಿಸುಗುಟ್ಟಿದ: "ಅಳೇ. ತಂತಿ ಕಟ್ತಾರಂತೆ. ನಿನಗೋಸ್ಕರಾನೇ ಸಾಯ್ತಿರೋದು."

ಬೆರಳು ನಿಂತಿತು. ಅವನ ಎದೆಯ ಮೇಲೆ ಬೆಚ್ಚನೆಯ ಒಂದು ಹನಿ ಬಿತ್ತು, ಆಮೇಲೆ ಇನ್ನೊಂದು. ಶಿರೀಷಾ ಖುಷಿಯಿಂದ ಸನ್ನೆ ಮಾಡಿದಳು. ರಮೇಶ್‌ಬಾಬು ಶುರುಮಾಡಿದ: "ನಾಗರಿಕರೇ, ನೋಡಿ ಈ ಮೂರ್ಖನನ್ನು..."

"ಯಾರಯ್ಯ ಮೂರ್ಖ? ನಾಲ್ಕು ಅರ್ಜಿ ಬರೆದವ್ನೆ ನಮ್ಮ ಯಜಮಾನ." ರಾಮಲಕ್ಷ್ಮಮ್ಮ ಕಣ್ಣೊರೆಸಿಕೊಂಡು ಹೆಣದ ರಟ್ಟೆ ಹಿಡಿದೆಳೆದಳು. "ಏಳು. ಲೈನ್ ಆಫ್ ಇದೆ. ನಾವೇ ಕಟ್ಟಣ."

ಹೆಣ ಕ್ಯಾಮೆರಾ ಪೆಟ್ಟಿಗೆ ಹತ್ತಿ ತಂತಿ ಎತ್ತಿತು. ಅವಳು ಉದ್ದನೆಯ ಒಣ ಬೊಂಬು ತಂದು ತಂತಿಯ ಕೆಳಗೆ ಆಸರೆ ಕೊಟ್ಟಳು. ಬೊಂಬಿನ ಬುಡ ಹಿಡಿದದ್ದು ಕೋಟಿನ ರಮೇಶ್‌ಬಾಬು.

"ಇದನ್ನ ಹೆಂಗಮ್ಮ ತೋರ್ಸೋದು? ಯಾರೂ ಸಾಯ್ಲೇ ಇಲ್ಲ," ಎಂದಳು ಶಿರೀಷಾ.

ಸಂಜೆ ಹುಳದ ಮನೆಯ ಬಾಗಿಲಲ್ಲಿ ರಾಮಲಕ್ಷ್ಮಮ್ಮ ಸೂತಕ ಕಳೆಯಲೆಂದು ಗಂಡನ ತಲೆ ಮೇಲೆ ಒಂದು ಬಿಂದಿಗೆ ಅರಿಶಿನ ನೀರು ಸುರಿದಳು. ಎಂಟು ಸಾವಿಗೆ ಒಂದು ಬಿಂದಿಗೆ. ಆಮೇಲೂ ಅನುಮಾನ ಬಂದು ಮೂಗಿನ ಕೆಳಗೆ ಬೆರಳಿಟ್ಟಳು.

ಆವಲಪ್ಪ ಬೇಕಂತಲೇ ಉಸಿರು ಬಿಗಿಹಿಡಿದ.

"ಉಸಿರು ಬಿಡಯ್ಯಾ," ಎಂದಳು. "ಹುಳಕ್ಕೆ ಸೊಪ್ಪು ಹಾಕ್ಬೇಕು."