ನಡುವಿನ ಹಾಳೆಗಳು

“ಈ ಕುಂಟಿ ಮುಂಡೆನ ನೋಡೋಕೆ ಯಾವ ಬೋಳಿಮಗ ಟಿಕೆಟ್ ತಗೋತಾನಯ್ಯಾ?”

ಕಾರ್ಟೂನ್ ಸ್ಟುಡಿಯೋದ ಮಾಲೀಕ ಚಿತ್ರದ ಹಾಳೆಗಳ ಕಟ್ಟನ್ನು ನನ್ನ ಮೇಜಿನ ಮೇಲೆ ಎಸೆದ. ಅರ್ಧ ನೆಲಕ್ಕೆ ಬಿದ್ದವು. ಕೇಳಿದ್ದು ನನ್ನನ್ನಲ್ಲ, ಪಕ್ಕದಲ್ಲಿ ಕೈಕಟ್ಟಿ ನಿಂತಿದ್ದ ನಿರ್ದೇಶಕನನ್ನು. ನಮ್ಮಂಥವರನ್ನು ಅವನು ನೇರವಾಗಿ ಬೈಯುವುದೂ ಇಲ್ಲ.

“ಬದಲಾಯಿಸ್ತೀನಿ ಸಾರ್.”

“ಇಟ್ಟಿಗೆ ಹೊತ್ರೂ ನೆಟ್ಟಗೆ ನಡೀಬೇಕು, ಚೆಂದ ಕಾಣ್ಬೇಕು. ಚಾನ್ಸ್ ಕೊಟ್ಟೋನು ನಾನು. ವಾಪಸ್ ಹಿಂದಿನ ಮೇಜಿಗೆ ಕೂರ್ಸೋದೂ ಗೊತ್ತು ನಂಗೆ.”

ಅವನು ಹೋದ ಮೇಲೆ ನಿರ್ದೇಶಕ ನನ್ನ ಕಡೆ ತಿರುಗಿ, ಎಲ್ಲರಿಗೂ ಕೇಳುವ ಹಾಗೆ ಕೂಗಿದ: “ಏನ್ರೀ ಇದು? ಹೇಳಿದ್ದಷ್ಟು ಬರೆಯೋಕೆ ನಿಮಗೇನು ರೋಗ?”

ಕುಂಟುನಡಿಗೆ ಬರೆದವನು ಅವನೇ. ಅದಕ್ಕಿಂತ ನನಗೆ ಚುಚ್ಚಿದ್ದು ಆ ‘ರೀ’.

ಹನ್ನೊಂದು ವರ್ಷದ ಹಿಂದೆ ಅವನು ಅಂಗಡಿಗಳ ಬೋರ್ಡು ಬರೆಯುವ ಕೆಲಸ ಬಿಟ್ಟು ಬಂದು ನನ್ನ ಪಕ್ಕದ ಮೇಜಿಗೆ ಕೂತಿದ್ದ. ಐದು ಹಾಳೆಗಳನ್ನು ಬೆರಳುಗಳ ಸಂದಿಗೆ ಸಿಕ್ಕಿಸಿ, ಪಟಪಟ ಮಗುಚಿ, ಚಿತ್ರ ಅಲುಗುವಾಗ ಬರೆದ ಗೆರೆ ಬದುಕಿದೆಯೋ ಸತ್ತಿದೆಯೋ ನೋಡುವುದನ್ನು ಕಲಿಸಿದವಳು ನಾನು. ಅಕ್ಕಾ ಅಕ್ಕಾ ಅಂತ ನನ್ನ ಊಟದ ಡಬ್ಬಿಗೇ ಕೈ ಹಾಕುತ್ತಿದ್ದ. ಒಂದು ಮಧ್ಯಾಹ್ನ ಎದ್ದು ಮೇಜುಗಳ ನಡುವೆ ತನ್ನ ಅವ್ವನ ಹಾಗೆ ನಡೆದು ತೋರಿಸಿದ. ಕಟ್ಟಡದ ಕೆಲಸದಲ್ಲಿ ಅವಳ ಬಲಮಂಡಿ ಹೋಗಿತ್ತಂತೆ. ತಲೆ ಮೇಲೆ ಇಟ್ಟಿಗೆ. ಒಂದು ಕೈ ಅದಕ್ಕೆ, ಇನ್ನೊಂದು ಕೈ ಮಂಡಿಗೆ. ಹೆಜ್ಜೆ ಹೆಜ್ಜೆಗೂ ಕಾಲನ್ನು ಎತ್ತಿಡಬೇಕು. ಎಲ್ಲರೂ ಬಿದ್ದುಬಿದ್ದು ನಕ್ಕರು. ಅವನೂ ನಕ್ಕ, ಆಮೇಲೆ ನಲ್ಲಿ ಹತ್ತಿರ ಹೋಗಿ ನಿಂತುಬಿಟ್ಟ. ಹಿಂದೆ ಹೋದವಳು ನಾನೊಬ್ಬಳೇ; ಅದು ಅವ್ವನ ನಡಿಗೆ ಅಂತ ಹೇಳಿದ್ದೂ ನನಗೊಬ್ಬಳಿಗೇ.

“ಅಕ್ಕಾ, ನಂದೇ ಅಂತ ಒಂದು ಪಿಚ್ಚರ್ ಮಾಡಿದ್ರೆ ಅವ್ವನ್ನ ಹಿಂಗೇ ನಡೆಸ್ತೀನಿ, ನೋಡ್ತಿರು.”

ಆಮೇಲೆ ಅವನು ಮೇಲೇರಿದ, ಗಾಜಿನ ಕೋಣೆ ಸೇರಿದ. ಅವತ್ತಿನಿಂದ ನಾನು ಗೋಡೆಗೆ ಮುಖ ಮಾಡಿ ಉಣ್ಣುತ್ತೇನೆ. ಮನೆಯಲ್ಲೂ ಒಬ್ಬಳೇ, ರಜಾದಿನ ಸಂಜೆಯಾಗುವಷ್ಟರಲ್ಲಿ ನನ್ನ ದನಿ ನನಗೇ ಮರೆತುಹೋಗಿರುತ್ತದೆ. ಒಡಹುಟ್ಟಿದವರಿಲ್ಲದವಳು. ಅವನು ಅಕ್ಕಾ ಅಂದದ್ದನ್ನು ಪೆದ್ದಿಯ ಹಾಗೆ ನಿಜವೇ ಅಂದುಕೊಂಡಿದ್ದೆ.

ಆ ಬೈಗುಳದ ಮಾರನೇ ದಿನ ಹೊಸ ಹಾಳೆಗಳು ಬಂದವು. ಹನ್ನೆರಡು ಸೆಕೆಂಡಿನ ನಡಿಗೆಗೆ ನೂರಾನಲವತ್ತನಾಲ್ಕು ಚಿತ್ರ. ಮುಖ್ಯವಾದ ಇಪ್ಪತ್ತನಾಲ್ಕನ್ನು ನಿರ್ದೇಶಕ ಬರೆದು ಮಾಲೀಕನಿಂದ ಸಹಿ ಹಾಕಿಸುತ್ತಾನೆ. ಅವುಗಳ ನಡುವಿನ ನೂರಿಪ್ಪತ್ತು ನಮ್ಮ ಪಾಲು. ಅವನ್ನು ಯಾರೂ ತೆರೆದು ನೋಡುವುದಿಲ್ಲ, ನಮ್ಮನ್ನೂ ನೋಡುವುದಿಲ್ಲ. ಆ ಇಪ್ಪತ್ತನಾಲ್ಕರಲ್ಲೂ ಹೆಂಗಸು ಬೆತ್ತ ನುಂಗಿದವಳಂತೆ ನೆಟ್ಟಗೆ ನಿಂತಿದ್ದಳು.

ಎರಡು ಹಾಳೆ ಹೇಳಿದಂತೆಯೇ ಬರೆದೆ. ಮೂರನೆಯದಕ್ಕೆ ಕೈ ಏಳಲಿಲ್ಲ. ಎರಡನ್ನೂ ಅಳಿಸಿ, ಅವಳ ಕೈಯನ್ನು ಮಂಡಿಗೆ ತಂದೆ. ಅವನು ನೆಟ್ಟಗೆ ನಿಲ್ಲಿಸಿದ ಕಡೆ ನಿಲ್ಲಲಿ; ಅಲ್ಲಿಂದ ಇಲ್ಲಿಗೆ ಬರುವಾಗ ಅವಳು ಅವಳ ಹಾಗೇ ಬರಲಿ. ನಾಲ್ಕು ದಿನದಲ್ಲಿ ಆ ನೂರಿಪ್ಪತ್ತೂ ಹಾಳೆ ನಾನೇ ಬರೆದೆ. ಬಹಳ ದಿನಗಳ ಮೇಲೆ ಜೊತೆಗೆ ಯಾರೋ ಇದ್ದಾರೆ ಅನಿಸಿತ್ತು.

ಮಾಲೀಕನಿಗೆ ತೋರಿಸುವ ದಿನ ನಮ್ಮನ್ನೂ ಹಿಂದಿನ ಸಾಲಿನಲ್ಲಿ ಕೂರಿಸಿದರು. ಪರದೆಯ ಮೇಲೆ ಅವಳು ಬಂದಳು. ಆಗಾಗ ಕಣ್ಣುಮಿಟುಕಿಸುವಷ್ಟು ಹೊತ್ತು ನೆಟ್ಟಗೆ, ಮಿಕ್ಕಂತೆ ಮಂಡಿ ಹಿಡಿದು, ಕಾಲೆತ್ತಿ ಇಡುತ್ತಾ, ಇಟ್ಟಿಗೆ ಹೊತ್ತು ನಡೆದಳು. ಮುಂದಿನ ಸಾಲಿನಲ್ಲಿದ್ದ ನಿರ್ದೇಶಕನ ಬೆನ್ನು ಸೆಟೆಯಿತು.

ದೀಪ ಹತ್ತಿತು, ಮಾಲೀಕ ಎದ್ದ. “ಯಾರ್ ಮಾಡಿದ್ದಯ್ಯಾ ಈ ಹಲ್ಕಾ ಕೆಲಸ?”

ನಿರ್ದೇಶಕ ತಿರುಗದೆಯೇ ಬೆರಳನ್ನು ಹಿಂದಕ್ಕೆ ತೋರಿಸಿದ. “ಇವರು ಸಾರ್.”

“ಹೌದು, ನಾನೇ,” ಎಂದೆ.

“ಇವಳನ್ನ ಆಚೆ ಹಾಕು. ಆ ಕುಂಟಿದು ಒಂದು ಹಾಳೇನೂ ಉಳೀದಂಗೆ ಹರಿದು ಬಿಸಾಕು. ಈಗ್ಲೇ!”

ಕಟ್ಟನ್ನು ನಾನೇ ಹೊತ್ತುಕೊಂಡು ಹೋಗಿ ಗಾಜಿನ ಕೋಣೆಯ ಮೇಜಿನ ಮೇಲಿಟ್ಟೆ. “ತಗೊಳ್ಳಪ್ಪಾ, ನಿಮ್ಮವ್ವ. ನೀನೇ ಹರಿ. ನನ್ನ ಕೈಲಾಗಲ್ಲ.”

“ಅಕ್ಕಾ, ಮೆಲ್ಲಗೆ ಮಾತಾಡು. ಯಾರಿಗೂ ಗೊತ್ತಿಲ್ಲ.”

“ಗೊತ್ತಾಗ್ಲಿ ಬಿಡೋ. ಕದ್ದ ಮಾಲಾ ಅವಳು?”

ಪೆನ್ಸಿಲು, ಡಬ್ಬಿ ಚೀಲಕ್ಕೆ ತುಂಬಿಕೊಂಡು ಹೊರಟೆ. ಗಾಜಿನಾಚೆ ಅವನು ಒಂದಷ್ಟು ಹಾಳೆ ಎತ್ತಿ, ಹರಿಯಲು ಎರಡೂ ಕೈಯಲ್ಲಿ ಹಿಡಿದ. ಹಿಡಿದವನು ಹಾಗೇ ನಿಂತ. ಬೆರಳುಗಳು ತಾವಾಗಿಯೇ ಹಾಳೆಗಳ ಸಂದಿಗೆ ಇಳಿದವು, ನಾನು ಕಲಿಸಿದಂತೆಯೇ.

ಮೆಟ್ಟಿಲಿಳಿಯುವಾಗ ಹಿಂದಿನಿಂದ ಪಟಪಟ ಕೇಳಿಸಿತು.

“ಹರಿದಾಯ್ತೇನಯ್ಯಾ?” ಮಾಲೀಕ ಕೆಳಗಿನಿಂದ ಕೂಗಿದ. ಮತ್ತೆ ಕೂಗಿದ. ಹಾಳೆಗಳ ಸದ್ದು ನಿಂತಿರಲಿಲ್ಲ.