ರುಫೀನಾಳ ತಂಗಿಯ ಹೆಸರು

ಜಯಸಿಂಹನನ್ನು ಕಂಡರೆ ನನಗಾಗದು. ಅವನು ಶಿಕಾಗೋದಲ್ಲಿ ಭಾಷಾಶಾಸ್ತ್ರದ ಪ್ರೊಫೆಸರ್. ನಾನು ಶಾಮ್‌ಬರ್ಗ್‌ನ ಅಪಾರ್ಟ್‌ಮೆಂಟಿನಲ್ಲಿ ಕೂತು ಅವನ ಹಳೆಯ ಕ್ಯಾಸೆಟ್‌ಗಳನ್ನು ಸಿಡಿಗೆ ಇಳಿಸುವವಳು. ಎಲ್ಲದರಲ್ಲೂ ಇದ್ದದ್ದು ಒಬ್ಬಳೇ ಮುದುಕಿ, ಬೊಲಿವಿಯಾದ ರುಫೀನಾ. ಅವಳ ಭಾಷೆ ಆಡುವವರು ಲೋಕದಲ್ಲಿ ಏಳೇ ಮಂದಿ ಉಳಿದಿದ್ದರು. ಗಂಟಲಲ್ಲೇ ಸಿಡಿಯುವ ‘ಕ’, ಮೂಗಿನಲ್ಲಿ ಹೊರಳುವ ಸ್ವರಗಳು, ಜೊತೆಗೆ ಉಸಿರನ್ನು ಸರ್ರನೆ ಒಳಗೆಳೆದು ಆಡುವ ಏನೋ ಒಂದು.

“ಸಾರ್, ಇದೂ ಒಂದು ಅಕ್ಷರ ಇರ್ಬೇಕು,” ಎಂದೆ.

“ಶೈಲಾ, ಅವ್ಳಿಗೆ ಅಸ್ತಮಾ. ನೀವು ಕ್ಲೀನ್ ಮಾಡಿ, ಸಾಕು.”

ಮೈಯೆಲ್ಲ ಉರಿಯಿತು. ಆದರೂ ಕೆಮ್ಮು, ಫ್ರಿಜ್ಜಿನ ಸದ್ದು, ಉಸಿರು, ಎಲ್ಲವನ್ನೂ ಕತ್ತರಿಸಿ ತೆಗೆದೆ. ಕಂಪ್ಯೂಟರಿನಲ್ಲಿ ಜಾಗ ಸಾಲದೆ ಕತ್ತರಿಸದ ಪ್ರತಿಯನ್ನೂ ಅಳಿಸಿದೆ. ವಾದ ಮಾಡುವುದಕ್ಕಿಂತ ಕೆಲಸ ಮುಗಿಸಿ ಅವನ ಮುಖ ನೋಡದಿರುವುದೇ ಸುಖ ಅನ್ನಿಸಿತ್ತು.

2003ರ ಮಾರ್ಚಿನಲ್ಲಿ ಇಬ್ಬರೂ ಸಿಡಿಗಳನ್ನು ಕ್ಯಾಂಟನ್ ಎಂಬ ಊರಿಗೆ ಒಯ್ದೆವು. ರುಫೀನಾ ಅಲ್ಲಿ ಮಗಳ ಮನೆಯಲ್ಲಿದ್ದಳು. ಐದು ಗಂಟೆಯ ಡ್ರೈವ್. ಮುದುಕಿ ಹಿಂದೆ ತಾನೇ ಹೇಳಿದ್ದ ತಂಗಿಯ ಕತೆ ಹಾಕಿಸಿ ಕೇಳಿದಳು. ಮತ್ತೆ ಹಾಕಿಸಿದಳು. ಆಮೇಲೆ ಮಗಳತ್ತ ತಿರುಗಿ ಏನೋ ಕೇಳಿದಳು.

ಮಗಳು ಎಲೆನಾ ಇಂಗ್ಲಿಷಿನಲ್ಲಿ ವಿವರಿಸಿದಳು. ಸತ್ತವರ ಹೆಸರನ್ನು ಅವರಲ್ಲಿ ಮನೆಯ ಹಿರಿಯಳು ಒಮ್ಮೆ ಮಾತ್ರ ಹೇಳಬೇಕು. ಆಮೇಲೆ ಯಾರೂ ಹೇಳುವಂತಿಲ್ಲ. ತಂಗಿ ತೀರಿಕೊಂಡ ವರ್ಷ, ಹೆಸರು ಉಳಿಯಲಿ ಎಂದೇ, ರುಫೀನಾ ಅದನ್ನು ಆ ಒಂದು ಸಲ ಮೈಕಿನ ಮುಂದೆಯೇ ಹೇಳಿದ್ದಳು. ಇಡೀ ಹೆಸರೇ ಒಳಗೆಳೆದ ಉಸಿರಿನದು.

“ನನ್ನ ತಂಗಿ ಎಲ್ಲಿ ಅಂತ ಅಮ್ಮ ಕೇಳ್ತಿದಾಳೆ,” ಎಂದಳು ಎಲೆನಾ.

“ಇನ್ನೊಂದ್ಸಲ ಹೇಳಿಸೋಣ,” ಎಂದು ಜಯಸಿಂಹ ಮೈಕು ತೆಗೆದ. ನಾಚಿಕೆಗೆಟ್ಟವನು! ರುಫೀನಾ ತುಟಿ ಬಿಗಿದು ಗೋಡೆಯ ಕಡೆ ತಿರುಗಿದಳು.

“ಒರಿಜಿನಲ್ ಕ್ಯಾಸೆಟ್ ಎಲ್ರೀ?” ಎಂದು ಗದರಿದೆ.

“ಸಿಡಿ ಆಯ್ತಲ್ಲ ಅಂತ ನವೆಂಬರ್‌ನಲ್ಲಿ ಅದ್ರ ಮೇಲೇ ನಮ್ಮ ಕನ್ನಡ ಕೂಟದ ಪ್ರೋಗ್ರಾಮ್ ರೆಕಾರ್ಡ್ ಮಾಡ್ದೆ. ರೆಕಾರ್ಡ್ ಮಾಡೋಕೆ ಕ್ಯಾಸೆಟ್ ಇದ್ಯಾ ಸಾರ್ ಅಂತ ಅವತ್ತು ಕೇಳಿದ್ದು ಯಾರು? ಕತ್ತರಿ ಹಾಕಿದ್ದು ಯಾರು?”

ಎರಡೂ ನಾನೇ. ಎಲೆನಾ ಮುಂಬಾಗಿಲು ತೆರೆದು ನಿಂತಳು.

ಆ ಕ್ಯಾಸೆಟ್ ಅವನ ಕಾರಿನಲ್ಲೇ ಬಿದ್ದಿತ್ತು. ಎಲ್ಲಾದರೂ ಮುದುಕಿಯ ಒಂದು ಉಸಿರು ಉಳಿದಿದ್ದೀತೆಂದು ಎರಡೂ ಬದಿ ಹಾಕಿ ಕೇಳಿದೆ. ಮೊದಲಿಂದ ಕೊನೆಯವರೆಗೆ ರಾಜ್ಯೋತ್ಸವದ ಗದ್ದಲ. ನಡುವೆ ಇಪ್ಪತ್ತು ನಿಮಿಷ ನನ್ನದೇ ಗಂಟಲು, ಕನ್ನಡವನ್ನು ಉಳಿಸುವುದು ಹೇಗೆ ಎಂದು ಜನರಿಗೆ ಬುದ್ಧಿ ಹೇಳುತ್ತಿತ್ತು.